ಸ್ವಯಂದತ್ತ ಬಿರುದುಗಳು

ಕಳೆದ ಭಾನುವಾರ ಸಂಜೆ ನಾವು ಮರುದಿನದ ಪತ್ರಿಕೆಯ ಕರಡನ್ನು ತಿದ್ದುತ್ತ ಕುಳಿತಿರುವಾಗ, ನಮ್ಮ ತಮ್ಮನ ಮಗನು, 16 ವರ್ಷದ ಹುಡುಗನು, ಬಾಗಿಲಲ್ಲಿ ಬಂದು ನಿಂತನು. “ದೊಡ್ಡಪ್ಪಾ, ನಿಮಗೆ ಹಳಗನ್ನಡ ಬರುತ್ತದಲ್ಲವೆ? ಕೇಳಿದವರು ನಡುಗಬೇಕು, ಮತ್ತೆ ಯಾರೂ ಇಟ್ಟುಕೊಂಡಿರಬಾರದು, ಅಂಥದೊಂದು ಹೆಸರು ಹೇಳಿ” ಎಂದನು. ಯಾರಿಗೆ ಎಂದು ಕೇಳಿದೆವು. “ನನಗೇ” ಎಂದನು. ಅವನಿಗೆ ಅವನ ಅಜ್ಜನ ಹೆಸರನ್ನಿಟ್ಟು, ತೊಟ್ಟಿಲಿನಲ್ಲಿ ಮಲಗಿಸಿ, ಕಿವಿಯಲ್ಲಿ ಆ ಹೆಸರನ್ನು ಉಸುರಿದ ದಿನ ನಾವು ಆ ಮನೆಯಲ್ಲಿಯೇ ಇದ್ದೆವು. ಆ ಹೆಸರಿಗೆ ಈಗ ಬಂದಿರುವ ಊನವಾವುದೆಂಬುದು ನಮಗೆ ಹೊಳೆಯಲಿಲ್ಲ.

ವಿಚಾರಿಸಲಾಗಿ, ಹೆಸರು ಬೇಕಾದದ್ದು ಅಂತರ್ಜಾಲದ ಆಟಕ್ಕೆ ಎಂದು ತಿಳಿದುಬಂತು. 2020ರ ಸೆಪ್ಟೆಂಬರಿನಲ್ಲಿ ಕೇಂದ್ರ ಸರಕಾರವು ನಿಷೇಧಿಸಿದ ಪಬ್‌ಜಿ ಎಂಬ ಆಟವೂ, 2021ರ ಜುಲೈಯಲ್ಲಿ ಭಾರತೀಯ ವೇಷವನ್ನು ತೊಟ್ಟು ಬಂದ ಅದರ ಸೋದರನೂ, ನಮ್ಮ ವಾಚಕರಲ್ಲಿ ಬಹುಮಂದಿಯ ಮನೆಗಳನ್ನು ಹೊಕ್ಕಿವೆ. ಕಚೇರಿಯಿಂದ ಹಿಂದಿರುಗಿದ ತಂದೆಯು ಕೂಗಿದರೂ ಓಗೊಡದೆ, ಅಂಗೈಯಗಲದ ಪರದೆಯಲ್ಲಿ ಕಣ್ಣುನೆಟ್ಟು ಕುಳಿತ ಮಗನು ಅಲ್ಲಿ ಯಾವ ಹೆಸರಿನಿಂದ ಸಂಚರಿಸುತ್ತಿರುವನೆಂಬುದನ್ನು ಆ ತಂದೆಯು ಅರಿತಿರುವುದು ಅಪರೂಪ. ಹುಡುಗನ ಬೇಡಿಕೆಯನ್ನು ನಗೆಯಲ್ಲಿ ತೇಲಿಸಿಬಿಡುವುದು ನಮಗೆ ಸುಲಭವಾಗಿತ್ತು. ಆದರೆ ಮನುಷ್ಯನು ತನಗೆ ತಾನೇ ಹೆಸರನ್ನು ಕೊಟ್ಟುಕೊಳ್ಳುವಾಗ, ತಾನು ಏನಾಗಬಯಸುವನೆಂಬುದನ್ನೂ ಏನಕ್ಕೆ ಅಂಜುವನೆಂಬುದನ್ನೂ ಒಟ್ಟಿಗೇ ಹೊರಗೆಡಹುತ್ತಾನೆ. ಆದುದರಿಂದ ಈ ವಿಷಯವು ನಾಲ್ಕು ಮಾತುಗಳಿಗೆ ಅರ್ಹವೆಂದು ನಾವು ಭಾವಿಸಿದ್ದೇವೆ.

ಮೊದಲು ಆ ಲೋಕದ ರೀತಿಯನ್ನು ತಿಳಿದುಕೊಳ್ಳೋಣ. ಸುಮಾರು 100 ಮಂದಿ ಆಟಗಾರರು ಒಂದು ಕಲ್ಪಿತ ದ್ವೀಪದಲ್ಲಿ ಇಳಿಯುತ್ತಾರೆ. ಕೊನೆಗೆ ಉಳಿದವನು ಅಥವಾ ಉಳಿದ ತಂಡವು ಗೆದ್ದಂತೆ. ಅಲ್ಲಿ ಒಬ್ಬನ ಮುಖವು ಇನ್ನೊಬ್ಬನಿಗೆ ಕಾಣುವುದಿಲ್ಲ, ವಯಸ್ಸು ತಿಳಿಯದು, ಕುಲ, ಊರು, ಉದ್ಯೋಗ, ಉಡುಪು ಯಾವುದೂ ತಿಳಿಯದು. ನ್ಯಾಯಾಧೀಶರ ಮಗನೂ ಜವಾನನ ಮಗನೂ ಒಂದೇ ಬಯಲಿನಲ್ಲಿ ನಿಂತಿರುತ್ತಾರೆ. ಇದು ಒಂದು ಬಗೆಯ ಸಮಾನತೆಯೇ ಸರಿ. ಎದುರಾಳಿಗೆ ಗೋಚರವಾಗುವ ಗುರುತು ಮುಖ್ಯವಾಗಿ ಒಂದೇ, ಅದು ಹೆಸರು. ಯಾರನ್ನು ಯಾರು ಕೆಡಹಿದರೆಂಬ ವಾರ್ತೆಯು ಕ್ಷಣಕ್ಷಣಕ್ಕೂ ಪರದೆಯ ಅಂಚಿನಲ್ಲಿ ಎಲ್ಲರಿಗೂ ಕಾಣುವಂತೆ ಸಾಗುತ್ತಿರುತ್ತದೆ. ಹಿಂದಿನ ಕಾಲದಲ್ಲಿ ವಂದಿಮಾಗಧರು ಮಾಡುತ್ತಿದ್ದ ಕೆಲಸವನ್ನು ಈಗ ಯಂತ್ರವೇ ಮಾಡುತ್ತದೆ. ಹೀಗಿರುವಲ್ಲಿ, ಕೂಗಿ ಹೇಳಲ್ಪಡುವ ಹೆಸರು ಗಂಭೀರವಾಗಿರಲೆಂದು ಹುಡುಗರು ಬಯಸಿದರೆ ಅದು ಸ್ವಾಭಾವಿಕವೇ ಆಗಿದೆ.

ಅವರು ಆರಿಸಿಕೊಳ್ಳುವ ಹೆಸರುಗಳಾದರೂ ಎಂಥವು? ಮೃತ್ಯು, ಸೈತಾನ, ಪ್ರೇತ, ಹಂತಕ, ವಿಷ, ಕತ್ತಲೆ ಮೊದಲಾದ ಅರ್ಥವನ್ನು ಕೊಡುವ ಇಂಗ್ಲಿಷ್ ಪದಗಳೇ ಹೆಚ್ಚು. ಅವುಗಳ ಹಿಂದುಮುಂದೆ ವಿಚಿತ್ರ ಅಲಂಕಾರಗಳು. ಹುಡುಗನು ನಮಗೆ ತೋರಿಸಿದ ಹೆಸರುಗಳಲ್ಲಿ ಅನೇಕವು ಎರಡು ಬಳ್ಳಿಯಾಕಾರದ ಚಿಹ್ನೆಗಳ ನಡುವೆ ಕುಳಿತಿದ್ದವು. ಅವು ಜಾವಾ ದ್ವೀಪದ ಲಿಪಿಗೆ ಸೇರಿದ, ಅಲ್ಲಿನವರು ರೆರೆಂಗ್ಗನ್ ಎಂದು ಕರೆಯುವ, ಬರೆಹದ ಶಿರೋನಾಮೆಯನ್ನು ಶೃಂಗರಿಸುವ ಗುರುತುಗಳು. ಇನ್ನು ಕೆಲವರು ಟಿಬೆಟ್ಟಿನ ಲಿಪಿಯ ಶಿಲುಬೆಯಂಥ ವಿರಾಮಚಿಹ್ನೆಯನ್ನು ತಂದು ಅಂಟಿಸಿಕೊಂಡಿದ್ದಾರೆ. ಮತ್ತೆ ಕೆಲವರು ಕೊರಿಯಾದ ಲಿಪಿಗಾಗಿ ಇಟ್ಟಿರುವ, ಕಣ್ಣಿಗೆ ಕಾಣದ ಒಂದು ಸಂಕೇತವನ್ನು ಬಳಸಿ ಹೆಸರೇ ಇಲ್ಲದವರಂತೆ ಸುಳಿದಾಡುತ್ತಾರೆ. ಜಾವಾ ಲಿಪಿಯೂ ಟಿಬೆಟ್ಟಿನ ಲಿಪಿಯೂ ನಮ್ಮ ಕನ್ನಡ ಲಿಪಿಯೂ ಒಂದೇ ಬ್ರಾಹ್ಮಿಯ ಸಂತತಿ. ಕನ್ನಡದ ಹುಡುಗನು ತನ್ನ ಹೆಸರನ್ನು ರೋಮನ್ ಅಕ್ಷರದಲ್ಲಿ ಬರೆದು, ಅದರ ಎರಡೂ ಕಡೆಗೆ ತನ್ನ ಲಿಪಿಯ ದಾಯಾದಿಗಳನ್ನು ಕಾವಲಿಗೆ ನಿಲ್ಲಿಸಿರುವನು. ತನ್ನ ಮನೆಯ ಅಕ್ಷರಕ್ಕೆ ಮಾತ್ರ ಅಲ್ಲಿ ಪ್ರವೇಶವಿಲ್ಲ! ಇದು ಅವನ ದೋಷವಲ್ಲ. ಆ ನಂಟನ್ನು ಅವನಿಗೆ ಹೇಳಿಕೊಡದ ನಮ್ಮ ದೋಷ.

ಭೀಕರತೆಯ ಬಯಕೆಯ ಜೊತೆಯಲ್ಲಿಯೇ ಅನನ್ಯತೆಯ ಬಯಕೆಯೂ ಇದೆ. 1980ರ ದಶಕದಲ್ಲಿ ಅಮೆರಿಕೆಯ ಗಣಕಾಸಕ್ತರು ದೂರವಾಣಿಯ ತಂತಿಯ ಮೂಲಕ ಸಂದೇಶಗಳನ್ನು ವಿನಿಮಯ ಮಾಡಿಕೊಳ್ಳುತ್ತಿದ್ದಾಗ, ತಮ್ಮನ್ನು ‘ಶಿಷ್ಟವರ್ಗ’ವೆಂದು ಕರೆದುಕೊಂಡು, ಅಕ್ಷರಗಳ ಸ್ಥಾನದಲ್ಲಿ ಅಂಕಿಗಳನ್ನು ಬರೆಯುವ ಪದ್ಧತಿಯನ್ನು ರೂಢಿಸಿದರು. ಹೊರಗಿನವರಿಗೆ ಓದಲು ಬಾರದಿರಲಿ ಎಂಬುದು ಒಂದು ಉದ್ದೇಶ. ಓದಬಲ್ಲವನು ನಮ್ಮವನು ಎಂಬುದು ಇನ್ನೊಂದು. ಆ ಪದ್ಧತಿಯೇ ಇಂದಿನ ಆಟದ ಹೆಸರುಗಳಲ್ಲಿ ಉಳಿದುಬಂದಿದೆ. ಆದರೆ ಈಗ ಅಂಕಿಗಳಿಗೆ ಮತ್ತೊಂದು ಕಾರಣವೂ ಒದಗಿದೆ. ಒಂದು ಹೆಸರು ಒಬ್ಬನಿಗೇ ಎಂಬ ನಿಯಮವಿರುವ ಕಡೆಗಳಲ್ಲಿ, ಮೊದಲು ಬಂದವರು ಚಿಕ್ಕ ಚೊಕ್ಕ ಹೆಸರುಗಳನ್ನೆಲ್ಲ ಬಾಚಿಕೊಂಡಿದ್ದಾರೆ. ತಡವಾಗಿ ಬಂದವನು ‘ಹುಲಿ’ ಎಂದು ಬರೆದರೆ ಆ ಹೆಸರು ಸಿಕ್ಕುವುದಿಲ್ಲವೆಂಬ ಉತ್ತರ ಬರುತ್ತದೆ. ಕೊನೆಗೆ ಅವನು ‘ಹುಲಿ 4071’ ಆಗಿ ತೃಪ್ತಿಪಡಬೇಕು. ನಾಲ್ಕು ಸಾವಿರದ ಎಪ್ಪತ್ತೊಂದನೆಯ ಹುಲಿಗೆ ಹೆದರುವವರಾರು?

ಹೀಗೆ ಚಿಕ್ಕ ಹೆಸರು ದುರ್ಲಭವಾದುದರಿಂದ ಅದಕ್ಕೆ ಬೆಲೆಯೂ ಬಂತು. ಬೆಲೆ ಬಂದುದರಿಂದ ಕಳವೂ ಬಂತು. 2020ರ ಜುಲೈಯಲ್ಲಿ ಟ್ವಿಟರ್ ಸಂಸ್ಥೆಯ ಒಳಗನ್ನು ಭೇದಿಸಿ ಜಗತ್ಪ್ರಸಿದ್ಧರ ಹೆಸರಿನಲ್ಲಿ ಜನರನ್ನು ವಂಚಿಸಿದ ತರುಣರು, ಮೊದಲು ಕೈಯಿಟ್ಟದ್ದು ಒಂದೆರಡು ಅಕ್ಷರಗಳ ಇಂಥ ಚಿಕ್ಕ ಹೆಸರುಗಳ ಮೇಲೆಯೇ. ಹೆಸರಿನ ಬಯಕೆಯು ಸೆರೆಮನೆಯ ಬಾಗಿಲವರೆಗೂ ಕೊಂಡೊಯ್ಯಬಲ್ಲುದೆಂಬುದಕ್ಕೆ ಇದಕ್ಕಿಂತ ಬೇರೆ ನಿದರ್ಶನ ಬೇಡ.

ಇಷ್ಟನ್ನು ಹೇಳಿ, ಈಗಿನ ಹುಡುಗರು ಕೆಟ್ಟರೆಂದು ನಿಟ್ಟುಸಿರು ಬಿಡುವವರ ಸಾಲಿನಲ್ಲಿ ನಾವು ನಿಲ್ಲಲಾರೆವು. ಭೀಕರನಾಮದ ಬಯಕೆಯು ನಮ್ಮ ನಾಡಿಗೆ ಹೊಸದಲ್ಲ. ನಮ್ಮ ಶಾಸನಗಳನ್ನು ತೆರೆದು ನೋಡಿದರೆ, ದಾನವಾದ ಹೊಲದ ಮೇರೆಗೆ ಬರುವ ಮೊದಲು ದಾನಿಯ ಬಿರುದುಗಳ ಕಾಡನ್ನೇ ದಾಟಬೇಕಾಗುತ್ತದೆ. ಪಂಪನ ಆಶ್ರಯದಾತನ ಹೆಸರೇ ಅರಿಕೇಸರಿ, ಎಂದರೆ ಹಗೆಗಳಿಗೆ ಸಿಂಹ. ಮೈಸೂರಿನ ಒಡೆಯರ ಬಿರುದಾವಳಿಯಲ್ಲಿ ‘ಬಿರುದಂತೆಂಬರ ಗಂಡ’ ಎಂಬುದೊಂದು ಉಂಟು. ತಮಗೆ ಇಂತಿಂಥ ಬಿರುದುಂಟೆಂದು ಹೇಳಿಕೊಳ್ಳುವವರಿಗೆಲ್ಲ ಮಿಂಡನು ಎಂದು ಅದರ ಭಾವ. ಬಿರುದುಗಳ ಮೇಲೊಂದು ಬಿರುದು! ಇಂದಿನ ಯಾವ ಆಟಗಾರನೂ ಇದನ್ನು ಮೀರಿಸಲಾರನು.

ಆದರೆ ಅಂದಿಗೂ ಇಂದಿಗೂ ಒಂದು ಭೇದವುಂಟು. ಅದನ್ನು ನಮ್ಮ ತರುಣರು ಗಮನಿಸಬೇಕು. ಗಂಗರ ಮಂತ್ರಿಯೂ ಸೇನಾಪತಿಯೂ ಆಗಿದ್ದ ಚಾವುಂಡರಾಯನಿಗೆ ವೀರಮಾರ್ತಂಡ, ರಣರಂಗಸಿಂಗ, ವೈರಿಕುಲಕಾಲದಂಡ, ಸಮರಪರಶುರಾಮ ಎಂದು ಮುಂತಾಗಿ ಬಿರುದುಗಳಿದ್ದವು. ಇವು ಸುಮ್ಮನೆ ಬಂದವಲ್ಲ. ಗೋನೂರಿನ ಬಯಲಿನಲ್ಲಿ ನೊಳಂಬರೊಡನೆ ಕಾದಿದುದಕ್ಕೆ ಒಂದು, ಉಚ್ಚಂಗಿಯ ಕೋಟೆಯ ಕಾಳಗಕ್ಕೆ ಇನ್ನೊಂದು, ಹೀಗೆ ಪ್ರತಿಯೊಂದರ ಹಿಂದೆಯೂ ಒಂದು ರಣವಿದೆ, ಒಂದು ಲೆಕ್ಕವಿದೆ. ಅಷ್ಟೇ ಅಲ್ಲ, ಹಾಸ್ಯಕ್ಕೂ ಸುಳ್ಳಾಡದವನಾದುದರಿಂದ ಅವನನ್ನು ಸತ್ಯಯುಧಿಷ್ಠಿರನೆಂದೂ ಕರೆದರು. ಇಷ್ಟು ಬಿರುದುಗಳನ್ನು ಹೊತ್ತ ಆ ಪುರುಷನು ಶ್ರವಣಬೆಳಗೊಳದ ಬೆಟ್ಟದ ಮೇಲೆ ಜಗತ್ತೇ ಬೆರಗಾಗುವಂಥ ಬಾಹುಬಲಿಯ ಮೂರ್ತಿಯನ್ನು ನಿಲ್ಲಿಸಿದಾಗ, ಅದರ ಪಾದದ ಬಳಿ ಕಾಣುವ ಕನ್ನಡ ಬರೆಹದಲ್ಲಿ ಏನಿದೆ? ಚಾವುಂಡರಾಯನು ಮಾಡಿಸಿದನು ಎಂಬಷ್ಟೇ ಇದೆ. ಮಾರ್ತಂಡನೂ ಇಲ್ಲ, ಪರಶುರಾಮನೂ ಇಲ್ಲ. ಕೆಲಸವು ಸಾಕಷ್ಟು ದೊಡ್ಡದಾಗಿದ್ದಾಗ ಹೆಸರು ಚಿಕ್ಕದಾಗಿದ್ದರೂ ಸಾಗುತ್ತದೆ.

ಇನ್ನು ಬುಕ್ಕರಾಯನ ಶಾಸನಗಳಲ್ಲಿ ಬರುವ ‘ಭಾಷೆಗೆ ತಪ್ಪುವ ರಾಯರ ಗಂಡ’ ಎಂಬ ಬಿರುದನ್ನು ನೋಡಿರಿ. ಕೊಟ್ಟ ಮಾತಿಗೆ ತಪ್ಪಿದ ಅರಸರಿಗೆ ಶಾಸ್ತಿಮಾಡುವವನು ಎಂದು ಇದರ ಅರ್ಥ. ಇದು ಹಗೆಗಳಿಗೆ ಬೆದರಿಕೆ. ಆದರೆ ಧರಿಸಿದವನಿಗೂ ಕಟ್ಟು. ಈ ಬಿರುದನ್ನು ಹೊತ್ತವನು ತಾನೇ ಮಾತಿಗೆ ತಪ್ಪಿದರೆ ನಗೆಗೀಡಾಗುವನು. ಧರಿಸಿದವನನ್ನು ಯಾವುದಕ್ಕೂ ಕಟ್ಟುಹಾಕದ ಬಿರುದು ಬಿರುದೇ ಅಲ್ಲ. ಅದು ಬರಿಯ ಕೂಗು.

ಬೇರೆಯವರು ಕೊಟ್ಟ ಬಿರುದಾದರೆ ಸಾಲದು, ಯಾರು ಕೊಟ್ಟರೆಂಬುದೂ ಮುಖ್ಯವೆಂಬ ಪಾಠವನ್ನು ನಮ್ಮ ದೇಶವು ಬೆಲೆ ತೆತ್ತು ಕಲಿತಿದೆ. ರಾವ್ ಸಾಹೇಬ, ರಾವ್ ಬಹದ್ದೂರ್, ದಿವಾನ್ ಬಹದ್ದೂರ್ ಎಂಬ ಪದಗಳಿಗಾಗಿ ಒಂದು ಕಾಲದಲ್ಲಿ ನಮ್ಮ ಹಿರಿಯರಲ್ಲಿ ಎಷ್ಟೋ ಮಂದಿ ಕಲೆಕ್ಟರನ ಬಾಗಿಲಲ್ಲಿ ಕಾದು ನಿಂತಿದ್ದರು. 1919ರಲ್ಲಿ ರವೀಂದ್ರನಾಥ ಠಾಕೂರರು ತಮ್ಮ ನೈಟ್ ಪದವಿಯನ್ನು ತ್ಯಜಿಸಿದರು; 1920ರಲ್ಲಿ ಮಹಾತ್ಮರು ಕೈಸರ್-ಎ-ಹಿಂದ್ ಪದಕವನ್ನು ಹಿಂದಿರುಗಿಸಿದರು. ಆಮೇಲೆಯೂ ಅವರ ಹೆಸರು ಚಿಕ್ಕದಾಗಲಿಲ್ಲ. ಸ್ವತಂತ್ರ ಭಾರತದ ಸಂವಿಧಾನದ 18ನೆಯ ಅನುಚ್ಛೇದವು, ಸೈನಿಕ ಅಥವಾ ವಿದ್ಯಾಸಂಬಂಧವಾದ ವಿಶೇಷಗಳ ಹೊರತು ಬೇರಾವ ಬಿರುದನ್ನೂ ರಾಜ್ಯವು ಕೊಡಕೂಡದೆಂದು ವಿಧಿಸಿದೆ. ಆದರೆ ಪ್ರಜೆಯು ತನಗೆ ತಾನೇ ಕೊಟ್ಟುಕೊಳ್ಳುವ ಬಿರುದಿಗೆ ಸಂವಿಧಾನದಲ್ಲಿ ಯಾವ ತಡೆಯೂ ಇಲ್ಲ. ಆ ತಡೆಯು ಅವರವರ ಅಂತಃಕರಣದಿಂದಲೇ ಬರತಕ್ಕದ್ದು.

ಈ ವಿಷಯದಲ್ಲಿ ವಿರಾಟಪರ್ವಕ್ಕಿಂತ ಒಳ್ಳೆಯ ಗುರುವಿಲ್ಲ. ಮಳೆ ಬಾರದಿದ್ದರೆ ನಮ್ಮ ಹಳ್ಳಿಗಳಲ್ಲಿ ಓದಿಸುತ್ತಿದ್ದ ಪರ್ವವದು. ಅಂತಃಪುರದಲ್ಲಿ ಪೌರುಷವನ್ನು ಕೊಚ್ಚಿಕೊಂಡು ರಥವೇರಿದ ಉತ್ತರಕುಮಾರನು ಕೌರವಸೇನೆಯನ್ನು ಕಂಡೊಡನೆ ಧುಮುಕಿ ಓಡಿದನು. ಅವನನ್ನು ಹಿಡಿದು ತಂದವರಾರು? ಬೃಹನ್ನಳೆ ಎಂಬ ಹೆಸರಿನ ನಾಟ್ಯಾಚಾರ್ಯ. ಮೂರು ಲೋಕದ ಗಂಡನು ಆ ವರ್ಷವೆಲ್ಲ ಯಾರೂ ಹೆದರದ ಹೆಸರನ್ನು ಇಟ್ಟುಕೊಂಡಿದ್ದನು. ಅದರಿಂದ ಅವನ ಗಾಂಡೀವದ ಹೆದೆ ಸಡಿಲವಾಗಲಿಲ್ಲ. ನೀನು ಅರ್ಜುನನೆಂಬುದು ನಿಜವಾದರೆ ನಿನ್ನ ಹತ್ತು ಹೆಸರುಗಳನ್ನೂ ಅವುಗಳ ಕಾರಣಗಳನ್ನೂ ಹೇಳು ಎಂದು ಉತ್ತರನು ಕೇಳುತ್ತಾನೆ. ಅರ್ಜುನನು ಒಂದೊಂದನ್ನೂ ಬಿಡಿಸಿ ಹೇಳುತ್ತಾನೆ. ದೇಶಗಳನ್ನು ಗೆದ್ದು ಧನವನ್ನು ತಂದುದರಿಂದ ಧನಂಜಯ. ಎರಡು ಕೈಗಳಿಂದಲೂ ಬಿಲ್ಲನ್ನು ಸೆಳೆಯಬಲ್ಲವನಾದುದರಿಂದ ಸವ್ಯಸಾಚಿ. ಕೇಳಲು ಅತ್ಯಂತ ಭೀಕರವಾದ ಬೀಭತ್ಸು ಎಂಬ ಹೆಸರಿಗೆ ಅವನು ಕೊಡುವ ಕಾರಣವಾದರೋ, ಯುದ್ಧದಲ್ಲಿ ತಾನು ಎಂದಿಗೂ ಹೇಯವಾದ ಕೆಲಸವನ್ನು ಮಾಡುವುದಿಲ್ಲವೆಂಬುದು! ಹತ್ತನೆಯ ಹೆಸರು ಕೃಷ್ಣ. ಅದು ಕಪ್ಪುಬಣ್ಣದ ಮಗುವೆಂಬ ಮುದ್ದಿನಿಂದ ತಂದೆಯು ಇಟ್ಟದ್ದು. ಅಷ್ಟು ದೊಡ್ಡ ವೀರನು ತನ್ನ ಬಿರುದುಗಳ ಸಾಲಿನಲ್ಲಿ ಮನೆಯ ಮುದ್ದಿನ ಹೆಸರನ್ನೂ ಸೇರಿಸಿ ಹೇಳಲು ನಾಚಲಿಲ್ಲ.

ಇದು ಪುರಾಣದ ಮಾತಾಯಿತು, ನಮ್ಮ ಆಟಕ್ಕೂ ಇದಕ್ಕೂ ಏನು ಸಂಬಂಧ ಎಂದು ತರುಣರು ಕೇಳಬಹುದು. ಆಗಲಿ, ಆಟದ ಲೋಕವನ್ನೇ ನೋಡೋಣ. 1997ರಲ್ಲಿ ಕ್ವೇಕ್ ಎಂಬ ಆಟದ ಪಂದ್ಯದಲ್ಲಿ ಗೆದ್ದು, ಆ ಆಟದ ಕರ್ತೃಗಳಲ್ಲೊಬ್ಬನಾದ ಜಾನ್ ಕಾರ್ಮಾಕ್‌ನ ಫೆರಾರಿ ಮೋಟಾರನ್ನೇ ಬಹುಮಾನವಾಗಿ ಪಡೆದ ಡೆನಿಸ್ ಫಾಂಗ್‌ನ ಆಟದ ಹೆಸರು ಥ್ರೆಶ್. ನಮ್ಮ ರೈತನ ಮಾತಿನಲ್ಲಿ ಒಕ್ಕುವುದು, ಬಡಿಯುವುದು. ಲೀಗ್ ಆಫ್ ಲೆಜೆಂಡ್ಸ್ ಎಂಬ ಆಟದಲ್ಲಿ 2013ರಿಂದ 2025ರವರೆಗೆ ಆರು ಬಾರಿ ಜಗಜ್ಜೇತನಾದ ಕೊರಿಯಾದ ಲೀ ಸಾಂಗ್-ಹ್ಯೋಕ್ ಇಟ್ಟುಕೊಂಡ ಹೆಸರು ಫೇಕರ್, ಎಂದರೆ ಸೋಗುಗಾರ. ಕೌಂಟರ್-ಸ್ಟ್ರೈಕ್ ಆಟದಲ್ಲಿ 2018, 2021, 2022ನೆಯ ವರ್ಷಗಳಲ್ಲಿ ಅಗ್ರಗಣ್ಯನೆಂದು ಎಣಿಸಲ್ಪಟ್ಟ ಉಕ್ರೇನಿನ ಒಲೆಕ್ಸಾಂಡರ್ ಕೊಸ್ತಿಲಿಯೆವ್‌ನ ಹೆಸರು ಸಿಂಪಲ್, ಎಂದರೆ ಸರಳ. ಸೋಗುಗಾರ ಎಂದರೆ ಯಾರು ಹೆದರಬೇಕು? ಸರಳ ಎಂದರೆ ಯಾರು ನಡುಗಬೇಕು? ಆದರೂ ಈ ಹೆಸರುಗಳು ಎದುರಿನ ಪಾಳೆಯದಲ್ಲಿ ಕಂಡೊಡನೆ ಪಳಗಿದ ಆಟಗಾರರ ಕೈಯೂ ಬೆವರುತ್ತದೆ. ಭಯವನ್ನು ಹೆಸರು ತಂದದ್ದಲ್ಲ. ಆಟವು ಹೆಸರಿಗೆ ಭಯವನ್ನು ತಂದುಕೊಟ್ಟಿತು.

ಇದಕ್ಕೆ ಅಪವಾದವೂ ಉಂಟೆಂಬುದನ್ನು ನಾವು ಮರೆಮಾಚಲಾಗದು. ಅಮೆರಿಕೆಯ ಜೊನಾಥನ್ ವೆಂಡೆಲ್ ಎಂಬವನು ಮಾರಣ ಎಂಬರ್ಥದ ಫೇಟಾಲಿಟಿ ಎಂಬ ಹೆಸರನ್ನು, ನಡುವೆ ಒಂದು ಅಂಕಿಯನ್ನು ಸೇರಿಸಿ, ಇಟ್ಟುಕೊಂಡಿದ್ದನು. 2005ರ ಒಂದು ಪಂದ್ಯಮಾಲೆಯ ಕೊನೆಯ ಸುತ್ತಿನಲ್ಲಿ 1,50,000 ಡಾಲರುಗಳನ್ನು ಗೆದ್ದನು. ಆ ಹೆಸರನ್ನೇ ಗಣಕಯಂತ್ರದ ಸಾಮಗ್ರಿಗಳ ಮೇಲೆ ಮುದ್ರೆಯೊತ್ತಿ ವ್ಯಾಪಾರವನ್ನೂ ಮಾಡಿದನು. ಆದರೆ ಅವನು ಗೆಲ್ಲದೆ ಹೋಗಿದ್ದರೆ ಆ ಹೆಸರು ಏನಾಗುತ್ತಿತ್ತು? ಹೆಸರು ಕ್ಷೀರಸಾಗರಭಟ್ಟ, ಮನೆಯಲ್ಲಿ ಮಜ್ಜಿಗೆಗೂ ಗತಿಯಿಲ್ಲ ಎಂಬ ನಮ್ಮ ಗಾದೆಗೆ ಇನ್ನೊಂದು ಉದಾಹರಣೆಯಾಗುತ್ತಿತ್ತು, ಅಷ್ಟೆ. ಭೀಕರನಾಮವು ಸಾಲವಿದ್ದಂತೆ. ಗೆದ್ದವನು ತೀರಿಸುತ್ತಾನೆ, ಸೋತವನು ಪ್ರತಿ ಸೋಲಿಗೂ ಬಡ್ಡಿಯನ್ನು ತೆರುತ್ತಾನೆ.

ಈ ವಾದಗಳನ್ನೆಲ್ಲ ನಾವು ಹುಡುಗನ ಮುಂದೆ ಹರಡಿದೆವು. ಅವನು ತಲೆತಗ್ಗಿಸಿ ಕೇಳಿದನೇ ಹೊರತು ಒಪ್ಪಿದಂತೆ ತೋರಲಿಲ್ಲ. ಕೊನೆಗೆ, “ನಿನ್ನ ಸ್ವಂತ ಹೆಸರಿನಿಂದಲೇ ಏಕೆ ಆಡಬಾರದು?” ಎಂದು ಕೇಳಿದೆವು. ಸ್ವಲ್ಪ ಹೊತ್ತು ಸುಮ್ಮನಿದ್ದು, “ಮೊದಲು ಹಾಗೇ ಆಡುತ್ತಿದ್ದೆ ದೊಡ್ಡಪ್ಪ. ಹೆಸರು ಹಳೆಯ ಕಾಲದ್ದು ಅಂತ ನಗುತ್ತಿದ್ದರು. ನಾನು ಮಾತಾಡಿದರೆ ನನ್ನ ಹಿಂದಿಯನ್ನು ಅಣಕಿಸುತ್ತಿದ್ದರು. ಸೋತಾಗ ಹೆಸರು ಹಿಡಿದು ಬೈಯುತ್ತಿದ್ದರು. ಅದು ಅಜ್ಜನ ಹೆಸರು” ಎಂದನು.

ಈ ಉತ್ತರಕ್ಕೆ ನಾವು ಸಿದ್ಧರಾಗಿರಲಿಲ್ಲ. ಇಷ್ಟು ಹೊತ್ತು ನಾವು ಭೀಕರನಾಮವನ್ನು ಖಡ್ಗವೆಂದು ತಿಳಿದು ವಾದಿಸುತ್ತಿದ್ದೆವು; ಹುಡುಗನಾದರೋ ಅದನ್ನು ಗುರಾಣಿಯೆಂದು ಹುಡುಕುತ್ತಿದ್ದನು. ಅಜ್ಜನ ಹೆಸರು ಬೀದಿಯ ಬೈಗುಳಕ್ಕೆ ಸಿಕ್ಕದಿರಲೆಂದು ಅದನ್ನು ಮನೆಯೊಳಗಿಟ್ಟು, ಹೊರಗೆ ಹೋಗಲು ಬೇರೊಂದು ಹೆಸರನ್ನು ಅವನು ಬೇಡುತ್ತಿದ್ದನು. ಅಂತರ್ಜಾಲದ ಆಟಗಳಲ್ಲಿ ಹೆಣ್ಣುಮಕ್ಕಳ ಪಾಡು ಇದಕ್ಕಿಂತಲೂ ಕಷ್ಟದ್ದು. ಹೆಸರಿನಿಂದ ಹೆಣ್ಣೆಂದು ತಿಳಿದೊಡನೆ ಬರುವ ಅಸಭ್ಯ ಮಾತುಗಳನ್ನು ತಪ್ಪಿಸಿಕೊಳ್ಳಲು ಅನೇಕರು ಗಂಡಸಿನದೋ ಮೃಗದ್ದೋ ಎನ್ನುವಂಥ ಹೆಸರನ್ನು ಧರಿಸಿ, ಬಾಯಿಗೆ ಬೀಗ ಹಾಕಿಕೊಂಡು ಆಡುತ್ತಾರೆ. ಅಂಥ ಹೆಸರನ್ನು ಡಂಭವೆಂದು ಕರೆಯುವುದು ಅನ್ಯಾಯ. ಭಯಂಕರವಾದ ಹೆಸರುಳ್ಳವರಲ್ಲಿ ಎಷ್ಟೋ ಮಂದಿ ಒಮ್ಮೆ ಭಯಪಟ್ಟವರೇ ಇರಬಹುದು. ದೋಷವು ಮುಖವಾಡವನ್ನು ಧರಿಸಿದವರಿಗಿಂತ, ಮುಖವಾಡವಿಲ್ಲದೆ ಬಂದವರನ್ನು ಬದುಕಗೊಡದವರಲ್ಲಿ ಹೆಚ್ಚಾಗಿದೆ. 2025ರಲ್ಲಿ ಸಂಸತ್ತು ಅಂಗೀಕರಿಸಿದ ಕಾಯಿದೆಯು ಹಣವನ್ನು ಪಣವಿಡುವ ಅಂತರ್ಜಾಲದ ಆಟಗಳನ್ನು ನಿಷೇಧಿಸಿ, ಕೌಶಲದ ಸ್ಪರ್ಧೆಗಳಿಗೆ ಮಾನ್ಯತೆಯನ್ನು ಕೊಟ್ಟಿದೆ. ಒಳ್ಳೆಯದೇ ಆಯಿತು. ಆದರೆ ಎದುರಾಳಿಯನ್ನು ಮನುಷ್ಯನೆಂದು ಎಣಿಸುವ ಮರ್ಯಾದೆಯನ್ನು ಯಾವ ಕಾಯಿದೆಯೂ ಕಲಿಸಲಾರದು. ಅದು ಮನೆಯಲ್ಲಿಯೂ ಶಾಲೆಯ ಮೈದಾನದಲ್ಲಿಯೂ ಕಲಿಯತಕ್ಕ ವಿದ್ಯೆ.

ಆದುದರಿಂದ ಹೆಸರನ್ನು ಇಟ್ಟುಕೊಳ್ಳಲೇಬೇಕೆನ್ನುವ ತರುಣರಿಗೆ ನಮ್ಮ ಸೂಚನೆಗಳು ಕೆಲವೇ. ಹೆಸರು ಚಿಕ್ಕದಾಗಿರಲಿ, ಆಟದ ಗಡಿಬಿಡಿಯಲ್ಲಿ ಜೊತೆಗಾರನು ಒಂದೇ ಉಸಿರಿನಲ್ಲಿ ಕೂಗಲು ಬರಬೇಕು. ಹುಟ್ಟಿದ ವರ್ಷ, ಊರು, ಶಾಲೆ, ದೂರವಾಣಿಯ ಅಂಕಿ ಇವು ಅದರಲ್ಲಿ ಸರ್ವಥಾ ಬೇಡ. ಮುಖವಾಡಕ್ಕೆ ವಿಳಾಸವನ್ನು ಅಂಟಿಸಿಕೊಂಡು ಹೋಗುವ ಜಾಣನಿಲ್ಲ. ಜಾತಿಯ ಹೆಸರೂ ಮತದ ಹೆಸರೂ ಬೇಡ. ಆ ಬಯಲಿನಲ್ಲಿ ತಾನಾಗಿ ಒದಗಿದ ಸಮಾನತೆಯನ್ನು ನಾವೇ ಕೆಡಿಸಬಾರದು. ನಿಜವಾದ ಕೊಲೆಗಡುಕರ ಹೆಸರು ಬೇಡ. ಅವರ ಕೈಯಿಂದ ಮಡಿದವರ ಮನೆಯವರೂ ಎಲ್ಲಿಯಾದರೂ ಅದನ್ನು ಓದಿಯಾರು. ಅನನ್ಯವಾದುದು ಬೇಕೆಂದರೆ ಇಂಗ್ಲಿಷಿನ ನೂರು ಸವಕಲು ಪದಗಳನ್ನು ಬಿಟ್ಟು ಕನ್ನಡದ ಕಣಜಕ್ಕೆ ಕೈಹಾಕಲಿ: ಶರಭ, ಕಾಳಿಂಗ, ಕಾರ್ಗಿಚ್ಚು, ಹೆಬ್ಬುಲಿ, ಬರಸಿಡಿಲು. ಇವುಗಳಿಗೆ ಬಾಲದಲ್ಲಿ ನಾಲ್ಕು ಅಂಕಿಗಳನ್ನು ಕಟ್ಟುವ ಪ್ರಸಂಗ ಕಡಿಮೆ. ಎಲ್ಲಕ್ಕಿಂತ ಮಿಗಿಲಾಗಿ, ಈ ಹೆಸರೇಕೆ ಎಂದು ಉತ್ತರಕುಮಾರನಂತೆ ಯಾರಾದರೂ ಕೇಳಿದರೆ, ನಾಚದೆ ಹೇಳಬಹುದಾದ ಒಂದು ಕಾರಣವಿರಲಿ.

ನಾವು ಹುಡುಗನಿಗೆ ಬರಸಿಡಿಲು ಎಂಬುದನ್ನು ಸೂಚಿಸಿದೆವು. ರೋಮನ್ ಅಕ್ಷರದಲ್ಲಿ ಬರೆದರೆ ಉತ್ತರದೇಶದವರು ಅದನ್ನು ಹೇಗೆ ಉಚ್ಚರಿಸುವರೋ ಎಂದು ಅವನು ಶಂಕಿಸಿದನು. ಶರಭವನ್ನು ಗುರುತುಮಾಡಿಕೊಂಡು ಹೋಗಿದ್ದಾನೆ, ಇನ್ನೂ ನಿರ್ಧರಿಸಿಲ್ಲ. ನಿರ್ಧಾರವು ಅವನದೇ ಆಗಲಿ.

ನಮ್ಮ ವಾಚಕರಲ್ಲಿ ಮಕ್ಕಳುಳ್ಳವರಿಗೆ ನಮ್ಮದೊಂದು ವಿಜ್ಞಾಪನೆ. ಇಂದು ರಾತ್ರಿ ಊಟಕ್ಕೆ ಕುಳಿತಾಗ, ಎಷ್ಟು ಹೊತ್ತು ಆಡಿದೆ ಎಂದು ಗದರಿಸುವುದಕ್ಕೆ ಮುಂಚೆ, ಅಲ್ಲಿ ನಿನ್ನ ಹೆಸರೇನು, ಅದನ್ನೇ ಏಕೆ ಇಟ್ಟುಕೊಂಡೆ ಎಂದು ಕೇಳಿರಿ. ನಗದೆ ಕೇಳಿರಿ. ನಾವು 16 ವರ್ಷಗಳಲ್ಲಿ ಆ ಹುಡುಗನ ವಿಷಯದಲ್ಲಿ ತಿಳಿಯದಿದ್ದುದನ್ನು ಆ ಒಂದು ಪ್ರಶ್ನೆಯಿಂದ ತಿಳಿದೆವು.